ಮನೆಯಲ್ಲೇ ಕೂತು ಆಧಾರ್ ನವೀಕರಣ: ನಮ್ಮ ಹೆಣ್ಣುಮಕ್ಕಳಿಗೆ ನಾಲ್ಕು ಮಾತು

ಮಹಿಳಾ ದಿನಾಚರಣೆಯ ಅಂಗವಾಗಿ ಬಾಲಾನಗರದಲ್ಲಿ ಸೇರಿದ್ದ ಮಹಿಳಾ ವೇದಿಕೆಯ ಸಭೆಯಲ್ಲಿ ಮಾಡಿದ ಭಾಷಣ, ಮಾರ್ಚ್ 2024

ಹಿಂದಿನ ಸಾಲಿನಲ್ಲಿ ಹುಡುಗಿಯರು ಮೊಬೈಲ್ ನೋಡುತ್ತಾ ಕೂತಿದ್ದಾರೆ. ಇವತ್ತು ಮೊಬೈಲ್ ನೋಡಬೇಡಿ ಎಂದು ನಾನು ಹೇಳುವುದಿಲ್ಲ. ಇನ್ನು ಅರ್ಧ ಗಂಟೆಯಲ್ಲಿ ಅದೇ ಮೊಬೈಲು ನಿಮ್ಮ ಅಮ್ಮಂದಿರಿಗೆ ಬೇಕಾಗುತ್ತದೆ.

ಮಹಿಳಾ ದಿನಕ್ಕೆ ಆಧಾರ್ ಕಾರ್ಡಿನ ಬಗ್ಗೆ ಮಾತನಾಡುತ್ತೇನೆ ಎಂದಾಗ ಸಮಿತಿಯಲ್ಲೇ ಒಬ್ಬರು ನಕ್ಕರು. ಸಾಧಕಿಯರ ಬಗ್ಗೆ ಮಾತನಾಡಿ, ಅಕ್ಕ ಮಹಾದೇವಿಯ ಬಗ್ಗೆ ಮಾತನಾಡಿ, ಕಾರ್ಡು ಗೀರ್ಡು ಅಂತ ಯಾಕೆ ಎಂದರು. ನಾನು ಅವರಿಗೆ ಒಂದೇ ಪ್ರಶ್ನೆ ಕೇಳಿದೆ. ನಿಮ್ಮ ಕಾರ್ಡಿನಲ್ಲಿ ಯಾವ ಊರಿನ ವಿಳಾಸ ಇದೆ? ಕಲಬುರಗಿ ಎಂದರು. ಇಲ್ಲಿಗೆ ಬಂದು ಎಷ್ಟು ವರ್ಷವಾಯಿತು? ಇಪ್ಪತ್ತೆರಡು. ಅಲ್ಲಿಗೆ ಮಾತು ಮುಗಿಯಿತು. ಈ ವಿಷಯವೇ ಇರಲಿ ಎಂದು ಅವರೇ ಹೇಳಿದರು.

ಈಗ ಇದು ಯಾಕೆ ಇಷ್ಟು ಮುಖ್ಯವಾಯಿತು? 2023ರ ಡಿಸೆಂಬರ್ 9ರಿಂದ ತೆಲಂಗಾಣದಲ್ಲಿ ಮಹಾಲಕ್ಷ್ಮಿ ಯೋಜನೆ ಬಂತು. ಆರ್‌ಟಿಸಿಯ ಪಲ್ಲೆವೆಲುಗು, ಎಕ್ಸ್‌ಪ್ರೆಸ್ ಬಸ್ಸುಗಳಲ್ಲಿ, ನಮ್ಮ ನಗರದಲ್ಲಾದರೆ ಸಿಟಿ ಆರ್ಡಿನರಿ ಮತ್ತು ಮೆಟ್ರೊ ಎಕ್ಸ್‌ಪ್ರೆಸ್ ಬಸ್ಸುಗಳಲ್ಲಿ ಹೆಂಗಸರಿಗೆ ಉಚಿತ. ಕಂಡಕ್ಟರ್ ಸೊನ್ನೆ ರೂಪಾಯಿಯ ಟಿಕೆಟ್ ಕೊಡುತ್ತಾರೆ. ಆದರೆ ತೆಲಂಗಾಣದ ನಿವಾಸಿ ಎಂದು ತೋರಿಸುವ ಅಸಲಿ ಗುರುತಿನ ಚೀಟಿ ಕೈಯಲ್ಲಿರಬೇಕು. ವಿಳಾಸವೇ ಇಲ್ಲದ ಪ್ಯಾನ್ ಕಾರ್ಡ್ ಅಲ್ಲಿ ನಡೆಯುವುದಿಲ್ಲ. ಅದಕ್ಕೂ ಆರು ತಿಂಗಳು ಮೊದಲು, 2023ರ ಜೂನ್ 11ರಂದು, ಕರ್ನಾಟಕದಲ್ಲಿ ಶಕ್ತಿ ಯೋಜನೆ ಶುರುವಾಗಿತ್ತು. ಅಲ್ಲಿ ಕರ್ನಾಟಕದ ವಿಳಾಸ ಇರುವ ಚೀಟಿ ಬೇಕು. ಹೀಗಾಗಿ ನಮ್ಮವರ ಸ್ಥಿತಿ ನೋಡಿ: ವರ್ಷಕ್ಕೆ ಎರಡು ಸಲ ತವರಿಗೆ ಹೋದಾಗ ಬೀದರಿನಿಂದ ಕಲಬುರಗಿಗೆ ಉಚಿತವಾಗಿ ಹೋಗುತ್ತಾರೆ. ದಿನಾ ಬಾಲಾನಗರದಿಂದ ಸಿಕಂದರಾಬಾದಿಗೆ ಕೆಲಸಕ್ಕೆ ಹೋಗುವಾಗ ದುಡ್ಡು ಕೊಡುತ್ತಾರೆ.

ಬಸ್ಸು ಒಂದೇ ಅಲ್ಲ. 2023ರ ಡಿಸೆಂಬರ್ 28ರಿಂದ 2024ರ ಜನವರಿ 6ರವರೆಗೆ ಇಲ್ಲಿ ಪ್ರಜಾಪಾಲನ ಅರ್ಜಿಗಳನ್ನು ತೆಗೆದುಕೊಂಡರು. ಐನೂರು ರೂಪಾಯಿಯ ಗ್ಯಾಸ್ ಸಿಲಿಂಡರ್, ಇನ್ನೂರು ಯೂನಿಟ್‌ವರೆಗೆ ಉಚಿತ ವಿದ್ಯುತ್, ಎಲ್ಲಕ್ಕೂ ಅದೇ ಕಾಗದ. ಆಧಾರ್ ಇದೆಯೇ, ರೇಷನ್ ಕಾರ್ಡ್ ಇದೆಯೇ? ನಮ್ಮಲ್ಲಿ ಎಲ್ಲರಿಗೂ ಈ ಸವಲತ್ತು ಬೇಕಾಗಿಲ್ಲ, ಎಲ್ಲರೂ ಅದಕ್ಕೆ ಅರ್ಹರೂ ಅಲ್ಲ. ಆದರೆ ಬೇಕಾದವರಿಗೆ, ಅರ್ಹರಾದವರಿಗೆ, ಕಾರ್ಡಿನ ಮೇಲಿನ ಒಂದು ಸಾಲು ಅಡ್ಡ ನಿಲ್ಲಬಾರದು.

ಮೊದಲು ಒಂದು ಭಯ ತೆಗೆದುಹಾಕೋಣ. "ಮಾರ್ಚ್ 14ರೊಳಗೆ ನವೀಕರಿಸದಿದ್ದರೆ ನಿಮ್ಮ ಆಧಾರ್ ರದ್ದು" ಎಂಬ ಸಂದೇಶ ನಿಮ್ಮ ಗುಂಪುಗಳಲ್ಲೂ ಬಂದಿರಬೇಕು. ಅದು ಸುಳ್ಳು. ಆಧಾರಿಗೆ ಡ್ರೈವಿಂಗ್ ಲೈಸೆನ್ಸಿನ ಹಾಗೆ ಮುಗಿಯುವ ತಾರೀಖು ಇಲ್ಲ. ಮೊದಲ ಆಧಾರ್ ಸಂಖ್ಯೆ ಕೊಟ್ಟದ್ದು 2010ರ ಸೆಪ್ಟೆಂಬರ್ 29ರಂದು, ಮಹಾರಾಷ್ಟ್ರದ ನಂದುರಬಾರ್ ಜಿಲ್ಲೆಯ ತೆಂಭ್ಲಿ ಎಂಬ ಹಳ್ಳಿಯಲ್ಲಿ, ಒಬ್ಬ ಹೆಣ್ಣುಮಗಳಿಗೆ. ಆಗ ಮಾಡಿಸಿದ ಕಾರ್ಡುಗಳಿಗೆ ಹತ್ತು ವರ್ಷ ದಾಟಿತು. ಮನೆ ಬದಲಾಗಿದೆ, ಫೋನ್ ನಂಬರ್ ಬದಲಾಗಿದೆ. ಅದಕ್ಕೆ 2022ರ ನವೆಂಬರಿನಲ್ಲಿ ನಿಯಮಕ್ಕೆ ಒಂದು ತಿದ್ದುಪಡಿ ಬಂತು. ಹತ್ತು ವರ್ಷಕ್ಕೊಮ್ಮೆಯಾದರೂ ಗುರುತಿನ ಮತ್ತು ವಿಳಾಸದ ದಾಖಲೆಗಳನ್ನು ಹೊಸದಾಗಿ ಕೊಡಬಹುದು ಎಂದು. 'ಕೊಡಬಹುದು' ಎಂದಿದೆ, 'ಕೊಡಲೇಬೇಕು' ಎಂದಿಲ್ಲ. 2024ರ ಮಾರ್ಚ್ 14 ಎಂಬುದು ಆನ್‌ಲೈನಿನಲ್ಲಿ ದಾಖಲೆಗಳನ್ನು ಉಚಿತವಾಗಿ ಸೇರಿಸುವ ಸೌಲಭ್ಯಕ್ಕೆ ಆಗ ಇದ್ದ ಕೊನೆಯ ದಿನ, ಅಷ್ಟೇ. ಆ ದಿನ ಅದಕ್ಕೆ ಮೊದಲೇ ಮೂರು ಸಲ ಮುಂದೆ ಹೋಗಿತ್ತು. ಈ ಭಾಷಣ ಸಂಚಿಕೆಗೆ ಸೇರುವ ಹೊತ್ತಿಗೆ ಅದನ್ನು ಮತ್ತೆ 2024ರ ಜೂನ್ 14ಕ್ಕೆ ಮುಂದೂಡಿದ್ದರು. ಆದ್ದರಿಂದ ಗಾಬರಿ ಬೇಡ. ಗಾಬರಿಯಲ್ಲಿದ್ದವರೇ ಯಾರೋ ಕಳಿಸಿದ ಲಿಂಕ್ ಒತ್ತುವುದು.

ಇನ್ನೊಂದು ಗೊಂದಲವನ್ನೂ ಇಲ್ಲೇ ಬಿಡಿಸಿಬಿಡುತ್ತೇನೆ. 'ದಾಖಲೆ ನವೀಕರಣ' ಬೇರೆ, 'ವಿಳಾಸ ಬದಲಾವಣೆ' ಬೇರೆ. ದಾಖಲೆ ನವೀಕರಣ ಎಂದರೆ ಕಾರ್ಡಿನಲ್ಲಿ ಈಗ ಏನಿದೆಯೋ ಅದು ಸರಿ ಎಂದು ಹೇಳಿ, ಅದಕ್ಕೆ ಹೊಂದುವ ಪುರಾವೆ ಕೊಡುವುದು. ಆನ್‌ಲೈನಿನಲ್ಲಿ ಅದು 2024ರಲ್ಲಿ ಉಚಿತವಾಗಿತ್ತು. ಅದರಿಂದ ವಿಳಾಸ ಬದಲಾಗುವುದಿಲ್ಲ. ವಿಳಾಸ ಬದಲಾವಣೆಗೆ 2024ರಲ್ಲಿ 50 ರೂಪಾಯಿ ಇತ್ತು. ಕಾರ್ಡಿನಲ್ಲಿ ರಾಯಚೂರು ಇಟ್ಟುಕೊಂಡು ಬಾಲಾನಗರದ ಕರೆಂಟ್ ಬಿಲ್ಲನ್ನು 'ದಾಖಲೆ ನವೀಕರಣ'ದಲ್ಲಿ ಹಾಕಿದರೆ ಎರಡೂ ತಾಳೆಯಾಗುವುದಿಲ್ಲ, ಅರ್ಜಿ ತಿರಸ್ಕಾರವಾಗುತ್ತದೆ. ವಿಳಾಸ ಬದಲಾಗಿದ್ದವರು ಮೊದಲು ವಿಳಾಸ ಸರಿಮಾಡಿಕೊಳ್ಳಿ, ಆಮೇಲೆ ದಾಖಲೆ.

ಇಲ್ಲಿ ಕೂತಿರುವವರನ್ನು ಮೂರು ಗುಂಪು ಮಾಡಬಹುದು. ಮೊದಲನೆಯವರು ಎಚ್‌ಎಎಲ್, ಐಡಿಪಿಎಲ್ ಕಾಲದಲ್ಲಿ ಬಂದ ಹಿರಿಯರು. ಅವರ ಕಾರ್ಡಿನಲ್ಲಿ ಬಾಲಾನಗರವೇ ಇದೆ. ಆದರೆ ಕೆಳಗಿನ ಸಾಲು ಓದಿ: 'ರಂಗಾರೆಡ್ಡಿ ಜಿಲ್ಲೆ, ಆಂಧ್ರಪ್ರದೇಶ'. ಕಾರ್ಡ್ ಮಾಡಿಸಿದಾಗ ಅದು ಸರಿಯೇ ಇತ್ತು. 2014ರ ಜೂನ್ 2ರಂದು ತೆಲಂಗಾಣ ರಾಜ್ಯವಾಯಿತು. 2016ರ ಅಕ್ಟೋಬರ್ 11ರಂದು ಹೊಸ ಜಿಲ್ಲೆಗಳಾದವು, ಬಾಲಾನಗರ ಮೇಡ್ಚಲ್–ಮಲ್ಕಾಜ್‌ಗಿರಿ ಜಿಲ್ಲೆಗೆ ಸೇರಿತು. ಮನೆ ಒಂದಿಂಚೂ ಕದಲಲಿಲ್ಲ, ರಾಜ್ಯವೂ ಜಿಲ್ಲೆಯೂ ಬದಲಾದವು. ಹೈದರಾಬಾದಿನ ಕನ್ನಡಿಗರಿಗೆ ಇದೇನು ಹೊಸದಲ್ಲ. 1956ರ ನವೆಂಬರ್ 1ರವರೆಗೆ ಬೀದರ್, ಕಲಬುರಗಿ, ರಾಯಚೂರು ಎಲ್ಲವೂ ಹೈದರಾಬಾದ್ ರಾಜ್ಯದಲ್ಲೇ ಇದ್ದವು. ನಮ್ಮ ಅಜ್ಜಿಯರಿಗೆ ಇದೇ ರಾಜಧಾನಿ. ಬೆಳಗಾದಾಗ ರಾಜಧಾನಿ ಬೇರೆ ರಾಜ್ಯದ್ದಾಗಿತ್ತು. ಆಗ ಕಾರ್ಡ್ ಇರಲಿಲ್ಲ, ಅದಕ್ಕೆ ತಿದ್ದಿಸುವ ತೊಂದರೆಯೂ ಇರಲಿಲ್ಲ.

ಎರಡನೆಯವರು ಮದುವೆಯಾಗಿ ಬಂದವರು, ಗಂಡನ ಕೆಲಸದ ಹಿಂದೆ ಬಂದವರು, ಈಗ ಮಕ್ಕಳ ಮನೆಗೆ ಬಂದಿರುವ ತಾಯಂದಿರು. ಇವರ ಕಾರ್ಡಿನಲ್ಲಿ ತವರೋ ಅತ್ತೆಮನೆಯೋ, ಅಂತೂ ಕರ್ನಾಟಕ. ಮೂರನೆಯವರು ಇಲ್ಲಿ ಇವತ್ತು ಬಂದಿಲ್ಲ. ನಮ್ಮ ಮನೆಗಳಲ್ಲಿ ಕೆಲಸ ಮಾಡುವ, ಪಕ್ಕದ ಕಟ್ಟಡದಲ್ಲಿ ಇಟ್ಟಿಗೆ ಹೊರುವ, ಯಾದಗಿರಿ, ರಾಯಚೂರು, ಕಲಬುರಗಿ ಕಡೆಯಿಂದ ಬಂದ ಹೆಣ್ಣುಮಕ್ಕಳು. ಅವರ ವಿಷಯ ಕೊನೆಗೆ ಹೇಳುತ್ತೇನೆ.

ಈಗ ಕೆಲಸಕ್ಕೆ ಬರೋಣ. ಪುಟದ ಹೆಸರು ಮೈ ಆಧಾರ್. ವಿಳಾಸ: ಮೈಆಧಾರ್ ಡಾಟ್ ಯುಐಡಿಎಐ ಡಾಟ್ ಗವ್ ಡಾಟ್ ಇನ್. ಕೊನೆಯಲ್ಲಿ 'ಗವ್ ಡಾಟ್ ಇನ್' ಇದೆಯೇ ನೋಡಿ. ಅದಿಲ್ಲದಿದ್ದರೆ ಅಲ್ಲಿ ಏನೂ ಬರೆಯಬೇಡಿ. ಗೂಗಲಿನಲ್ಲಿ ಹುಡುಕಿ ಮೊದಲು ಬಂದದ್ದನ್ನು ಒತ್ತಬೇಡಿ, ನೀವೇ ಟೈಪ್ ಮಾಡಿ. ಪುಟದಲ್ಲಿ ಭಾಷೆ ಆರಿಸುವ ಜಾಗವಿದೆ, ಅದರಲ್ಲಿ ಕನ್ನಡವೂ ಇದೆ. ನಮ್ಮ ಭಾಷೆಯಲ್ಲಿ ಓದಿಕೊಂಡು ಮಾಡಿದರೆ ಅರ್ಧ ಹೆದರಿಕೆ ಹೋಗುತ್ತದೆ.

ಆಧಾರಿನ ಹನ್ನೆರಡು ಅಂಕಿ ಹಾಕಿದರೆ ಫೋನಿಗೆ ಒಟಿಪಿ ಬರುತ್ತದೆ. ಇಲ್ಲೇ ಮೊದಲ ಕಂಬಿ. ಆಧಾರ್ ಮಾಡಿಸಿದಾಗ ಕೊಟ್ಟ ನಂಬರಿಗೇ ಅದು ಹೋಗುವುದು. ನಮ್ಮಲ್ಲಿ ಎಷ್ಟು ಜನರ ಆಧಾರಿಗೆ ಗಂಡನ ನಂಬರ್ ಸೇರಿದೆ? ಕೈ ಎತ್ತಿ ನೋಡೋಣ. ನೋಡಿ, ಅರ್ಧಕ್ಕಿಂತ ಹೆಚ್ಚು! ಮನೆಯವರು ಆಫೀಸಿನಲ್ಲಿದ್ದಾಗ ನೀವು ಇಲ್ಲಿ ಕೂತು ಒಟಿಪಿಗಾಗಿ ಅವರಿಗೆ ಫೋನ್ ಮಾಡಬೇಕು. ಬ್ಯಾಂಕಿನ ಕೆಲಸ, ಪಿಂಚಣಿಯ ಕೆಲಸ, ಎಲ್ಲಕ್ಕೂ ಹೀಗೇ. ಇನ್ನು ಕೆಲವರದ್ದು ತೀರಿಹೋದವರ ನಂಬರ್, ಆ ಸಿಮ್ ಎಂದೋ ನಿಂತಿದೆ. ಈ ಪುಟದಲ್ಲಿ ಫೋನ್ ನಂಬರ್ ಬದಲಿಸಲು ಆಗುವುದಿಲ್ಲ. ಅದನ್ನು ಆಧಾರ್ ಕೇಂದ್ರಕ್ಕೆ ಹೋಗಿ ಬೆರಳಚ್ಚು ಕೊಟ್ಟು ಬದಲಿಸಬಹುದು. ಕೆಲವು ಬ್ಯಾಂಕ್ ಶಾಖೆಗಳಲ್ಲಿ, ಅಂಚೆ ಕಚೇರಿಗಳಲ್ಲಿ, ಮಾದಾಪುರದ ಆಧಾರ್ ಸೇವಾ ಕೇಂದ್ರದಲ್ಲಿ ಮಾಡುತ್ತಾರೆ. ಇದಕ್ಕೂ 2024ರಲ್ಲಿ 50 ರೂಪಾಯಿ ಇತ್ತು. ದಾಖಲೆ ಏನೂ ಬೇಡ, ನೀವು ಹೋದರೆ ಸಾಕು. ಇವತ್ತಿನ ಭಾಷಣದಲ್ಲಿ ಒಂದೇ ಒಂದು ಮಾತು ನೆನಪಿಟ್ಟುಕೊಳ್ಳುವುದಾದರೆ ಇದನ್ನೇ ಇಟ್ಟುಕೊಳ್ಳಿ: ನಿಮ್ಮ ಆಧಾರಿಗೆ ನಿಮ್ಮದೇ ನಂಬರ್ ಇರಲಿ.

ಒಳಗೆ ಹೋದ ಮೇಲೆ 'ವಿಳಾಸ ನವೀಕರಣ' ಆರಿಸಿ. ಈಗಿನ ವಿಳಾಸ ಕಾಣುತ್ತದೆ, ಅದರ ಕೆಳಗೆ ಹೊಸದನ್ನು ಬರೆಯಬೇಕು. ಮನೆ ನಂಬರ್, ಬೀದಿ, ಗುರುತಿನ ಜಾಗ, ಪಿನ್ ಕೋಡ್. ಪಿನ್ ಕೋಡ್ ಹಾಕಿದರೆ ರಾಜ್ಯ, ಜಿಲ್ಲೆ ಬರುತ್ತವೆ, ಅಂಚೆ ಕಚೇರಿಯನ್ನು ನಾವು ಆರಿಸಬೇಕು. ಬಾಲಾನಗರದ ಎಲ್ಲ ಮನೆಗಳಿಗೂ ಒಂದೇ ಪಿನ್ ಕೋಡ್ ಅಲ್ಲ. ಐಡಿಪಿಎಲ್ ಕಾಲೊನಿ ಕಡೆಗೆ 500037, ಎಚ್‌ಎಎಲ್ ಕಡೆಗೆ 500042. ನಿಮ್ಮ ಮನೆಗೆ ಬರುವ ಅಂಚೆಯ ಮೇಲೆ ಏನಿದೆ ನೋಡಿ ಬರೆಯಿರಿ. ಪುರಾವೆಯ ಕಾಗದದಲ್ಲಿ ಹೇಗಿದೆಯೋ ಹಾಗೇ ವಿಳಾಸ ಇರಲಿ. ಬಿಲ್ಲಿನಲ್ಲಿ ಒಂದು, ಅರ್ಜಿಯಲ್ಲಿ ಇನ್ನೊಂದು ಎಂದಾದರೆ ಅಲ್ಲಿ ಕೂತು ನೋಡುವವರಿಗೆ ಎರಡು ಮನೆಗಳಂತೆ ಕಾಣುತ್ತದೆ.

ನಾವು ಇಂಗ್ಲಿಷಿನಲ್ಲಿ ಬರೆದದ್ದು ಪಕ್ಕದಲ್ಲಿ ಪ್ರಾದೇಶಿಕ ಭಾಷೆಯಲ್ಲಿ ತಾನೇ ಮೂಡುತ್ತದೆ. ಇದನ್ನು ಯಂತ್ರ ಮಾಡುವುದು, ಅದಕ್ಕೆ ನಮ್ಮ ಹೆಸರುಗಳ ಪರಿಚಯವಿಲ್ಲ. ಒಂದಕ್ಷರ ಹೋಗಿ ಇನ್ನೊಂದಾಗುತ್ತದೆ. ಅದನ್ನೂ ಓದಿ, ತಿದ್ದಿ, ಆಮೇಲೆ ಮುಂದೆ ಹೋಗಿ.

'ಕೇರ್ ಆಫ್' ಎಂಬ ಒಂದು ಖಾನೆ ಬರುತ್ತದೆ. ಅದನ್ನು ತುಂಬಲೇಬೇಕು ಎಂದಿಲ್ಲ. ಮೊದಲೆಲ್ಲ ಇಂಥವರ ಮಗಳು, ಇಂಥವರ ಹೆಂಡತಿ ಎಂದು ಅಚ್ಚಾಗುತ್ತಿತ್ತು. ಈಗ ಕೇವಲ ಕೇರ್ ಆಫ್, ಅದೂ ನಿಮ್ಮ ಇಷ್ಟ. ಗಂಡನ ಹೆಸರು ಹಾಕಿಕೊಳ್ಳುವವರು ಹಾಕಿಕೊಳ್ಳಿ, ಸಂತೋಷ. ಹಾಕದಿದ್ದರೆ ಕಾರ್ಡಿಗೆ ಯಾವ ಕೊರತೆಯೂ ಇಲ್ಲ. ಮದುವೆಯಾಯಿತೆಂದು ಹೆಸರು ಬದಲಿಸಲೇಬೇಕೆಂದೂ ಇಲ್ಲ. ಹೆಸರನ್ನು ಇಡೀ ಜೀವನದಲ್ಲಿ ಎರಡೇ ಸಲ ಬದಲಿಸಬಹುದು, ಹುಟ್ಟಿದ ದಿನವನ್ನು ಒಂದು ಸಲ. ಅವನ್ನು ಕೇಂದ್ರದಲ್ಲೇ ಮಾಡಿಸಬೇಕು. ವಿಳಾಸಕ್ಕೆ ಇಂಥ ಮಿತಿ ಇಲ್ಲ. ಇಲ್ಲಿ ತೆಲುಗಿನವರು ಮನೆತನದ ಹೆಸರನ್ನು ಮುಂದೆ ಬರೆಯುತ್ತಾರೆ, ನಾವು ಊರಿನದೋ ತಂದೆಯದೋ ಅಕ್ಷರವನ್ನು ಬರೆಯುತ್ತೇವೆ. ಕೇಂದ್ರದಲ್ಲಿ ಕೂತವರು ಅವರ ರೂಢಿಯಂತೆ ತಿರುಗಿಸಿ ಬರೆದರೆ ಪ್ಯಾನ್‌ಗೂ ಆಧಾರಿಗೂ ಹೊಂದುವುದಿಲ್ಲ. ಅಚ್ಚು ಹಾಕುವ ಮೊದಲು ಪರದೆ ನಿಮ್ಮ ಕಡೆ ತಿರುಗಿಸಿ ತೋರಿಸಿ ಎಂದು ಕೇಳಿ. ಕೇಳುವುದು ನಿಮ್ಮ ಹಕ್ಕು.

ಈಗ ನಿಜವಾದ ತೊಡಕು. ವಿಳಾಸಕ್ಕೆ ಪುರಾವೆ ಏನು ಕೊಡುತ್ತೀರಿ? ಪಟ್ಟಿ ಉದ್ದವಾಗಿದೆ: ಪಾಸ್‌ಪೋರ್ಟ್, ವೋಟರ್ ಕಾರ್ಡ್, ರೇಷನ್ ಕಾರ್ಡ್, ಮೂರು ತಿಂಗಳೊಳಗಿನ ಕರೆಂಟ್ ಬಿಲ್, ನೀರಿನ ಬಿಲ್, ಗ್ಯಾಸ್ ಬಿಲ್, ಮನೆ ತೆರಿಗೆ ರಸೀದಿ, ನೋಂದಾಯಿಸಿದ ಬಾಡಿಗೆ ಕರಾರು, ಫೋಟೊ ಇರುವ ಬ್ಯಾಂಕ್ ಪಾಸ್‌ಬುಕ್. ಓದಿದರೆ ಸುಲಭ ಅನ್ನಿಸುತ್ತದೆ. ಆದರೆ ಮನೆ ಯಾರ ಹೆಸರಲ್ಲಿದೆ? ಕರೆಂಟ್ ಬಿಲ್ ಯಾರ ಹೆಸರಲ್ಲಿ? ಗ್ಯಾಸ್ ಯಾರದು? ಒಲೆಯ ಮುಂದೆ ನಿಲ್ಲುವುದು ನಾವು, ಪುಸ್ತಕ ಅವರ ಹೆಸರಲ್ಲಿ. ಮೂವತ್ತು ವರ್ಷ ಒಂದೇ ಮನೆಯಲ್ಲಿದ್ದು, ಆ ಮನೆಯಲ್ಲಿದ್ದೇನೆ ಎಂದು ತೋರಿಸಲು ಒಂದು ಚೂರು ಕಾಗದ ಇಲ್ಲದ ಹೆಂಗಸರು ಈ ಸಭೆಯಲ್ಲೇ ಇದ್ದಾರೆ. ಯಾರೂ ಅದನ್ನು ಬೇಕೆಂದು ಮಾಡಿದ್ದಲ್ಲ, ಯಾರಿಗೂ ಅದು ಹೊಳೆಯಲಿಲ್ಲ, ಅಷ್ಟೇ.

ಇದಕ್ಕೆ ಎರಡು ದಾರಿ ಇದೆ. ಮೊದಲನೆಯದು 'ಕುಟುಂಬದ ಮುಖ್ಯಸ್ಥ'ರ ಮೂಲಕ. 2023ರ ಜನವರಿಯಿಂದ ಆನ್‌ಲೈನಿನಲ್ಲಿ ಈ ಸೌಲಭ್ಯವಿದೆ. ಮನೆಯಲ್ಲಿ ಯಾರ ಆಧಾರಿನಲ್ಲಿ ಸರಿಯಾದ ವಿಳಾಸ ಇದೆಯೋ ಅವರ ಆಧಾರ್ ಸಂಖ್ಯೆ ಕೊಡಬೇಕು. ನಿಮಗೂ ಅವರಿಗೂ ಇರುವ ಸಂಬಂಧ ತೋರಿಸುವ ಒಂದು ದಾಖಲೆ ಬೇಕು: ಮದುವೆ ಪ್ರಮಾಣಪತ್ರ, ರೇಷನ್ ಕಾರ್ಡ್, ಪಾಸ್‌ಪೋರ್ಟ್, ಅಂಕಪಟ್ಟಿ, ಇಂಥದ್ದು. ಯಾವುದೂ ಇಲ್ಲದಿದ್ದರೆ ಮುಖ್ಯಸ್ಥರೇ ನಿಗದಿತ ನಮೂನೆಯಲ್ಲಿ ಸ್ವಯಂ ಘೋಷಣೆ ಬರೆದುಕೊಡಬಹುದು. ಶುಲ್ಕ ಕಟ್ಟಿದ ಮೇಲೆ ಅವರ ಫೋನಿಗೆ ಸಂದೇಶ ಹೋಗುತ್ತದೆ. ಅವರು ಮೂವತ್ತು ದಿನದೊಳಗೆ ಮೈ ಆಧಾರ್ ಪುಟಕ್ಕೆ ಹೋಗಿ ಒಪ್ಪಿಗೆ ಕೊಡಬೇಕು. ಕೊಡದಿದ್ದರೆ ಅರ್ಜಿ ಮುಚ್ಚಿಹೋಗುತ್ತದೆ, ದುಡ್ಡು ವಾಪಸ್ ಬರುವುದಿಲ್ಲ. ನಾಳೆ ಮಾಡುತ್ತೇನೆ ಎನ್ನುವ ಗಂಡಸರಿಗೆ ದಿನಾ ಕಾಫಿ ಜೊತೆ ನೆನಪಿಸಿ.

ಇದರಲ್ಲಿ ಒಂದು ಸ್ವಾರಸ್ಯ ಇದೆ. ಈ ನಿಯಮದಲ್ಲಿ ಹದಿನೆಂಟು ದಾಟಿದ ಯಾರು ಬೇಕಾದರೂ ಮುಖ್ಯಸ್ಥರಾಗಬಹುದು. ಗಂಡಸೇ ಆಗಬೇಕೆಂದಿಲ್ಲ. ಹೆಂಡತಿಯ ವಿಳಾಸ ಸರಿಯಾಗಿದ್ದರೆ ಅವಳೇ ಮುಖ್ಯಸ್ಥೆ, ಗಂಡನ ವಿಳಾಸ ಅವಳ ಒಪ್ಪಿಗೆಯಿಂದ ಬದಲಾಗುತ್ತದೆ. ರೇಷನ್ ಕಾರ್ಡಿನಲ್ಲಂತೂ ಕಾನೂನೇ ಹೇಳುತ್ತದೆ. 2013ರ ಆಹಾರ ಭದ್ರತಾ ಕಾಯ್ದೆಯ ಪ್ರಕಾರ ಮನೆಯ ಹದಿನೆಂಟು ತುಂಬಿದ ಹಿರಿಯ ಹೆಂಗಸೇ ಕುಟುಂಬದ ಮುಖ್ಯಸ್ಥೆ.

ಎರಡನೆಯ ದಾರಿ ನನಗೆ ಹೆಚ್ಚು ಇಷ್ಟ. ಮೊದಲು ವೋಟರ್ ಕಾರ್ಡ್ ಮಾಡಿಸಿ, ಅದನ್ನೇ ಪುರಾವೆಯಾಗಿ ಕೊಟ್ಟು ಆಧಾರ್ ಬದಲಿಸುವುದು. ಯಾಕೆಂದರೆ ವೋಟರ್ ಕಾರ್ಡಿನ ಅರ್ಜಿಯಲ್ಲಿ ವಿಳಾಸದ ಪುರಾವೆ ನಿಮ್ಮ ಹೆಸರಲ್ಲೇ ಇರಬೇಕೆಂದಿಲ್ಲ. ಗಂಡ, ತಂದೆತಾಯಿ, ದೊಡ್ಡ ಮಕ್ಕಳು, ಇವರಲ್ಲಿ ಒಬ್ಬರು ಅದೇ ವಿಳಾಸದಲ್ಲಿ ಮತದಾರರಾಗಿದ್ದರೆ ಅವರ ಹೆಸರಿನ ಬಿಲ್ ಸಾಕು. ಮೊದಲ ಸಲ ಸೇರುವವರಿಗೆ ನಮೂನೆ 6. ಕರ್ನಾಟಕದ ಪಟ್ಟಿಯಲ್ಲಿ ಹೆಸರಿದ್ದು ಇಲ್ಲಿಗೆ ಬಂದವರಿಗೆ ನಮೂನೆ 8. ವೋಟರ್ಸ್ ಡಾಟ್ ಇಸಿಐ ಡಾಟ್ ಗವ್ ಡಾಟ್ ಇನ್ ಪುಟದಲ್ಲಿ ತುಂಬಬಹುದು, ದುಡ್ಡು ಇಲ್ಲ. ಬೂತ್ ಮಟ್ಟದ ಅಧಿಕಾರಿ ಮನೆಗೆ ಬಂದು ನೋಡಿಕೊಂಡು ಹೋಗುತ್ತಾರೆ. ಏನಾದರೂ ಸಂದೇಹವಿದ್ದರೆ 1950ಕ್ಕೆ ಫೋನ್ ಮಾಡಿ.  ಬಾಲಾನಗರ ಕೂಕಟ್‌ಪಲ್ಲಿ ವಿಧಾನಸಭಾ ಕ್ಷೇತ್ರಕ್ಕೆ, ಮಲ್ಕಾಜ್‌ಗಿರಿ ಲೋಕಸಭಾ ಕ್ಷೇತ್ರಕ್ಕೆ ಸೇರುತ್ತದೆ. ಹೀಗೆ ಮಾಡಿದರೆ ನಿಮ್ಮದೇ ಹೆಸರಿನ ಒಂದು ಕಾಗದವೂ ಆಯಿತು, ಬೀದಿ ದೀಪಕ್ಕೂ ಚರಂಡಿಗೂ ಕೇಳುವ ಬಾಯಿಯೂ ಬಂತು.

ಎರಡೂ ಆಗದಿದ್ದರೆ ಇನ್ನೊಂದಿದೆ. ಶಾಸಕರು, ಕಾರ್ಪೊರೇಟರ್ ಅಥವಾ ಗೆಜೆಟೆಡ್ ಅಧಿಕಾರಿ ಯುಐಡಿಎಐ ಕೊಟ್ಟಿರುವ ನಮೂನೆಯಲ್ಲೇ, ಫೋಟೊ ಅಂಟಿಸಿ ಸಹಿ ಮಾಡಿಕೊಟ್ಟ ಪತ್ರ. ಬೇರೆ ಕಾಗದದಲ್ಲಿ ಬರೆಸಿದರೆ ನಡೆಯುವುದಿಲ್ಲ. ಮೂರು ತಿಂಗಳು ಮಾತ್ರ ಅದಕ್ಕೆ ಬೆಲೆ.

ಕಾಗದವನ್ನು ಫೋಟೊ ತೆಗೆಯುವಾಗ ಬೆಳಕಿರುವ ಕಡೆ, ನಾಲ್ಕೂ ಮೂಲೆ ಕಾಣುವ ಹಾಗೆ ತೆಗೆಯಿರಿ. ಜೆರಾಕ್ಸ್ ಪ್ರತಿಯನ್ನಲ್ಲ, ಅಸಲಿಯನ್ನೇ ತೆಗೆಯಿರಿ. ವೋಟರ್ ಕಾರ್ಡಿನ ಎರಡೂ ಬದಿ ಬೇಕು, ವಿಳಾಸ ಇರುವುದು ಹಿಂದೆ. ಎರಡು ಎಂಬಿ ಮೀರಬಾರದು. ದುಡ್ಡು ಕಟ್ಟಿದ ಮೇಲೆ ಒಂದು ಎಸ್‌ಆರ್‌ಎನ್ ನಂಬರ್ ಬರುತ್ತದೆ. ಅದನ್ನು ಬರೆದಿಟ್ಟುಕೊಳ್ಳಿ, ಅರ್ಜಿ ಎಲ್ಲಿಗೆ ಬಂತು ಎಂದು ನೋಡಲು ಅದೇ ಬೇಕು. ಸಾಮಾನ್ಯವಾಗಿ ಮೂವತ್ತು ದಿನದೊಳಗೆ ಆಗುತ್ತದೆ. ತಿರಸ್ಕಾರವಾದರೆ ಕಾರಣ ಹಾಕಿರುತ್ತಾರೆ, ಓದಿ ಸರಿಮಾಡಿ ಮತ್ತೆ ಹಾಕಿ. 1947ಕ್ಕೆ ಫೋನ್ ಮಾಡಿದರೆ ಕನ್ನಡದಲ್ಲೇ ಮಾತನಾಡಬಹುದು. ಸ್ವಾತಂತ್ರ್ಯ ಬಂದ ವರ್ಷ, ಮರೆಯುವ ನಂಬರಲ್ಲ.

ಆದ ಮೇಲೆ ಇ-ಆಧಾರ್ ಇಳಿಸಿಕೊಳ್ಳಬಹುದು. ಅದಕ್ಕೆ ಪಾಸ್‌ವರ್ಡ್ ಏನು ಎಂದು ಎಲ್ಲರೂ ಕೇಳುತ್ತಾರೆ. ಹೆಸರಿನ ಮೊದಲ ನಾಲ್ಕು ಇಂಗ್ಲಿಷ್ ಅಕ್ಷರ ದೊಡ್ಡದರಲ್ಲಿ, ಅದರ ಮುಂದೆ ಹುಟ್ಟಿದ ವರ್ಷ. ಪರ್ಸಿನಲ್ಲಿ ಇಟ್ಟುಕೊಳ್ಳಲು ಪ್ಲಾಸ್ಟಿಕ್ ಕಾರ್ಡ್ ಬೇಕಾದರೆ ಅದೇ ಪುಟದಲ್ಲಿ ಶುಲ್ಕ ಕಟ್ಟಿದರೆ ಅಂಚೆಯಲ್ಲಿ ಬರುತ್ತದೆ. ಬಸ್ಸಿನಲ್ಲಿ ಓಡಾಡುವವರು ಇದನ್ನು ತರಿಸಿಕೊಳ್ಳಿ.

ಇನ್ನು ಮನಸ್ಸಿನ ಮಾತು. ಎಷ್ಟೋ ಜನ ವಿಳಾಸ ಬದಲಿಸದಿರುವುದು ಸೋಮಾರಿತನದಿಂದಲ್ಲ. ಊರಿನ ಹೆಸರು ಹೋಗುತ್ತದಲ್ಲ ಎಂಬ ಸಂಕಟ. ಕಾರ್ಡಿನಲ್ಲಿ ಬೀದರ್ ಎಂದಿದ್ದರೆ ಎಂದಾದರೂ ವಾಪಸ್ ಹೋಗುತ್ತೇವೆ ಎಂಬ ಒಂದು ಎಳೆ. ಜೊತೆಗೆ ಹೆದರಿಕೆಗಳೂ ಇವೆ. ಊರಿನ ಹೊಲ ಹೋಗುತ್ತದಾ? ಮಕ್ಕಳಿಗೆ 371-ಜೆ ಪ್ರಮಾಣಪತ್ರ ಸಿಗುವುದಿಲ್ಲವಾ? ಪಹಣಿಯಲ್ಲಿ ಹೆಸರಿರುವುದು ಹಕ್ಕಿನಿಂದ, ಆಧಾರಿನ ವಿಳಾಸದಿಂದಲ್ಲ. ಹೊಲ ಎಲ್ಲೂ ಹೋಗುವುದಿಲ್ಲ. 371-ಜೆ ಅರ್ಹತೆಗೆ ನೋಡುವುದು ಹುಟ್ಟು ಮತ್ತು ಹಿಂದಿನ ದೀರ್ಘಕಾಲದ ವಾಸ. ಅದಕ್ಕೆ ಬೇಕಾದ ಶಾಲೆಯ ದಾಖಲೆ, ಜನನ ಪ್ರಮಾಣಪತ್ರಗಳನ್ನು ಜೋಪಾನವಾಗಿಡಿ. ಆಧಾರ್ ಕಾಯ್ದೆಯೇ ಹೇಳುತ್ತದೆ, ಆಧಾರ್ ಸಂಖ್ಯೆ ಪೌರತ್ವಕ್ಕಾಗಲಿ ಶಾಶ್ವತ ನಿವಾಸಕ್ಕಾಗಲಿ ತಾನೇ ಪುರಾವೆಯಲ್ಲ ಎಂದು. ಅದು ಈಗ ನೀವು ಎಲ್ಲಿ ವಾಸವಾಗಿದ್ದೀರಿ ಎಂದಷ್ಟೇ ಹೇಳುತ್ತದೆ. ನೀವು ಯಾರು ಎಂದು ಹೇಳುವುದು ನಿಮ್ಮ ನಾಲಗೆ.

ಆದರೆ ಎರಡು ದೋಣಿಯಲ್ಲಿ ಕಾಲಿಡುವುದು ಬೇಡ. ಎರಡು ಕಡೆ ಮತದಾರರ ಪಟ್ಟಿಯಲ್ಲಿ ಹೆಸರಿಟ್ಟುಕೊಳ್ಳುವುದು ಕಾನೂನಿಗೆ ವಿರುದ್ಧ, ಸುಳ್ಳು ಘೋಷಣೆಗೆ ಶಿಕ್ಷೆಯೂ ಇದೆ. ಇಲ್ಲಿ ವಾಸವಿದ್ದು ಅಲ್ಲಿಯ ಸವಲತ್ತು, ಅಲ್ಲಿಯ ಕಾರ್ಡಿಟ್ಟುಕೊಂಡು ಇಲ್ಲಿಯ ಸವಲತ್ತು, ಎರಡನ್ನೂ ಪಡೆಯುವುದು ಸರಿಯಲ್ಲ. ಎಲ್ಲಿ ಬಾಳುತ್ತೇವೋ ಅಲ್ಲಿಯವರಾಗಿ ನಿಲ್ಲೋಣ.

ಜೋಪಾನದ ಮಾತು ಎರಡು. ಆಧಾರ್ ಯೋಜನೆಯನ್ನು ಮೊದಲು ಮುನ್ನಡೆಸಿದ ನಂದನ್ ನಿಲೇಕಣಿ ಬೆಂಗಳೂರಿನವರು. ಅದನ್ನು 2012ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಿದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ, ಎಂಬತ್ತು ದಾಟಿದ ವಯಸ್ಸಿನಲ್ಲಿ. ಕಟ್ಟಿದವರೂ ನಮ್ಮವರು, ಪ್ರಶ್ನೆ ಕೇಳಿದವರೂ ನಮ್ಮವರು. ಅವರ ಪ್ರಕರಣದಲ್ಲೇ 2017ರಲ್ಲಿ ಖಾಸಗಿತನ ಮೂಲಭೂತ ಹಕ್ಕು ಎಂಬ ತೀರ್ಪು ಬಂತು. 2018ರ ಸೆಪ್ಟೆಂಬರ್ 26ರ ತೀರ್ಪು ಆಧಾರನ್ನು ಉಳಿಸಿತು, ಆದರೆ ಸಿಮ್ಮಿಗೆ, ಬ್ಯಾಂಕ್ ಖಾತೆಗೆ, ಮಕ್ಕಳ ಶಾಲೆ ಸೇರಿಸಲು ಅದನ್ನು ಕಡ್ಡಾಯ ಮಾಡುವಂತಿಲ್ಲ ಎಂದಿತು. ಆದ್ದರಿಂದ ಕೇಳಿದವರಿಗೆಲ್ಲ ಜೆರಾಕ್ಸ್ ಕೊಡಬೇಡಿ. ಕೊಡಲೇಬೇಕಾದ ಕಡೆ ಕೊನೆಯ ನಾಲ್ಕು ಅಂಕಿ ಮಾತ್ರ ಕಾಣುವ 'ಮಾಸ್ಕ್ಡ್ ಆಧಾರ್' ಇಳಿಸಿಕೊಂಡು ಕೊಡಿ. ಒಟಿಪಿಯನ್ನು ಯಾರಿಗೂ ಹೇಳಬೇಡಿ. ನವೀಕರಣಕ್ಕೆಂದು ವಾಟ್ಸಾಪಿನಲ್ಲಿ, ಇಮೇಲಿನಲ್ಲಿ ದಾಖಲೆ ಕಳಿಸಿ ಎಂದು ಯುಐಡಿಎಐ ಕೇಳುವುದಿಲ್ಲ. ಬೆರಳಚ್ಚಿನ ದುರುಪಯೋಗದ ಭಯವಿದ್ದರೆ ಮೈ ಆಧಾರ್ ಪುಟದಲ್ಲೇ ಬಯೊಮೆಟ್ರಿಕ್ ಬೀಗ ಹಾಕಬಹುದು, ಬೇಕಾದಾಗ ತೆಗೆಯಬಹುದು. ದುಡ್ಡು ಹೋದರೆ ತಡಮಾಡದೆ 1930ಕ್ಕೆ ಫೋನ್ ಮಾಡಿ.

ಹಿರಿಯರಿಗೆ ಒಂದು ವಿಷಯ. ಪಾತ್ರೆ ತಿಕ್ಕಿ, ಬಟ್ಟೆ ಒಗೆದು ಸವೆದ ಬೆರಳುಗಳನ್ನು ಯಂತ್ರ ಗುರುತಿಸದೆ ಹೋಗಬಹುದು. ಕುಟುಂಬ ಪಿಂಚಣಿ ಪಡೆಯುವವರು ಇದಕ್ಕೆ ಹೆದರಬೇಕಾಗಿಲ್ಲ. ವರ್ಷಕ್ಕೊಮ್ಮೆ ಕೊಡುವ ಜೀವನ ಪ್ರಮಾಣಪತ್ರವನ್ನು 2021ರ ನವೆಂಬರಿನಿಂದ ಮುಖ ತೋರಿಸಿ, ಸ್ವಂತ ಫೋನಿನಲ್ಲೇ ಕೊಡಬಹುದು. ಮೊಮ್ಮಗಳು ಪಕ್ಕದಲ್ಲಿದ್ದರೆ ಐದು ನಿಮಿಷದ ಕೆಲಸ. ಮಕ್ಕಳ ವಿಷಯವೂ ಇದೆ. ಐದು ವರ್ಷಕ್ಕೆ ಒಮ್ಮೆ, ಹದಿನೈದಕ್ಕೆ ಒಮ್ಮೆ ಅವರ ಬೆರಳಚ್ಚು, ಕಣ್ಣಿನ ಗುರುತು ಹೊಸದಾಗಿ ಕೊಡಬೇಕು. ಇದು ಮಾತ್ರ ಕಡ್ಡಾಯ. ಸಮಯಕ್ಕೆ ಮಾಡಿಸಿದರೆ ಉಚಿತ.

ಈಗ ಆ ಮೂರನೆಯ ಗುಂಪು, ಇಲ್ಲಿ ಇಲ್ಲದವರು. ಯಾದಗಿರಿಯಿಂದ ಬಂದು ಆರು ತಿಂಗಳು ಇಲ್ಲಿ, ಆರು ತಿಂಗಳು ಅಲ್ಲಿ ಇರುವ ಹೆಣ್ಣುಮಗಳಿಗೆ ವಿಳಾಸ ಬದಲಿಸು ಎಂದು ನಾವು ಸುಮ್ಮನೆ ಹೇಳಬಾರದು. ಅವಳ ರೇಷನ್ ಕಾರ್ಡು ಊರಿನಲ್ಲಿದೆ, ಮನೆಯೂ ಅಲ್ಲೇ ಇದೆ. ಅವಳಿಗೆ ತಿಳಿಸಬೇಕಾದದ್ದು ಬೇರೆ. ಒಂದು ದೇಶ ಒಂದು ರೇಷನ್ ಕಾರ್ಡ್ ವ್ಯವಸ್ಥೆಯಲ್ಲಿ ಕರ್ನಾಟಕದ ಕಾರ್ಡಿಗೆ ಕೇಂದ್ರದ ಪಾಲಿನ ಧಾನ್ಯವನ್ನು ಇಲ್ಲಿಯ ನ್ಯಾಯಬೆಲೆ ಅಂಗಡಿಯಲ್ಲೂ ಪಡೆಯಬಹುದು, ಆಧಾರ್ ಜೋಡಣೆಯಾಗಿದ್ದರೆ ಸಾಕು. ಇಲ್ಲೇ ನೆಲೆಸಿದವಳಾದರೆ ವೋಟರ್ ಕಾರ್ಡಿನಿಂದ ಶುರುಮಾಡಿಸೋಣ. ಅವಳಿಗೆ ತೆಲುಗು ಬಂದರೂ ಓದಲು ಬರುವುದಿಲ್ಲ, ಮೀ ಸೇವಾ ಕೇಂದ್ರದಲ್ಲಿ ಏನು ಕೇಳಬೇಕೆಂದು ಗೊತ್ತಿಲ್ಲ. ಅವಳ ಭಾಷೆ ನಮಗೆ ಬರುತ್ತದೆ. ಕನ್ನಡ ಸಂಘ ಎಂದರೆ ನವೆಂಬರಿನಲ್ಲಿ ಬಾವುಟ ಹಾರಿಸುವುದಷ್ಟೇ ಅಲ್ಲ, ಇದೂ ಹೌದು.

ಅದಕ್ಕೆ ನನ್ನ ಒಂದು ಸಲಹೆ. ತಿಂಗಳಿಗೊಂದು ಭಾನುವಾರ, ಎರಡು ಗಂಟೆ, ಒಂದು ಮೇಜು, ಒಂದು ಲ್ಯಾಪ್‌ಟಾಪ್. ಹಿಂದಿನ ಸಾಲಿನ ಹುಡುಗಿಯರು ನಾಲ್ಕು ಜನ ಸಾಕು. ನಿಯಮ ಮೂರು. ಬಂದವರು ತಮ್ಮ ಒಟಿಪಿಯನ್ನು ತಾವೇ ಹಾಕಬೇಕು, ನಾವು ಕೇಳಬಾರದು. ಅವರ ದಾಖಲೆಯ ಫೋಟೊ ನಮ್ಮ ಲ್ಯಾಪ್‌ಟಾಪಿನಲ್ಲಿ ಉಳಿಯಬಾರದು, ಅವರ ಎದುರೇ ಅಳಿಸಬೇಕು. ಸರ್ಕಾರದ ಶುಲ್ಕ ಬಿಟ್ಟು ಒಂದು ರೂಪಾಯಿಯೂ ತೆಗೆದುಕೊಳ್ಳಬಾರದು. ಮುಂದಿನ ಭಾನುವಾರದಿಂದಲೇ ಶುರುಮಾಡಬಹುದು. ಯಾರು ಬರುತ್ತೀರಿ ಎಂದು ಈಗಲೇ ಕಾರ್ಯದರ್ಶಿಯವರ ಹತ್ತಿರ ಹೆಸರು ಬರೆಸಿ.

ನಿಮ್ಮ ಆಧಾರಿಗೆ ನಿಮ್ಮ ನಂಬರ್, ನಿಮ್ಮ ಹೆಸರಲ್ಲಿ ಒಂದು ವಿಳಾಸದ ಕಾಗದ, ಮನೆಯ ಒಂದಾದರೂ ಬಿಲ್ಲಿನಲ್ಲಿ ನಿಮ್ಮ ಹೆಸರು. ಈ ವರ್ಷ ಇಷ್ಟು ಮಾಡಿಕೊಳ್ಳಿ.  ಊಟ ತಯಾರಿದೆಯಂತೆ, ಆದರೆ ಹೆಸರು ಬರೆಸಿಯೇ ಊಟಕ್ಕೆ ಹೋಗಿ.

ಜೈ ಕನ್ನಡಾಂಬೆ.